ಮನ್ಚಾಕ್ ಸೋತ ಕೋಚ್ ಅಲ್ಲ

ಅಮೆರಿಕನ್ ಫುಟ್‌ಬಾಲ್‌ನ ಮೈಕ್ ಮನ್ಚಾಕ್ ಒಳ್ಳೆ ಆಟಗಾರ, ಆದರೆ ಕೋಚ್ ಆಗಿ ಸೋತರು ಅಂತ ಲೇಖನದಲ್ಲಿ ಬರೆದಿದ್ದೀರಿ. ಅರ್ಧ ಒಪ್ಪುತ್ತೇನೆ. 2011ರಿಂದ 2013ರವರೆಗೆ ಟೆನೆಸ್ಸೀ ಟೈಟನ್ಸ್ ತಂಡಕ್ಕೆ ಮುಖ್ಯ ಕೋಚ್ ಆಗಿದ್ದಾಗ 22 ಗೆಲುವು, 26 ಸೋಲು. ಹೇಳಿಕೊಳ್ಳುವಂಥದ್ದೇನಲ್ಲ, ನಿಜ.

ಆದರೆ ಅವರ ಅಸಲಿ ಕಸುಬು ಲೈನ್‌ಮನ್‌ಗಳನ್ನು, ಅಂದರೆ ಮುಂದೆ ಸಾಲಾಗಿ ನಿಂತು ಎದುರಾಳಿಗಳನ್ನು ತಡೆಯುವವರನ್ನು, ತಯಾರು ಮಾಡುವುದು. ಅದನ್ನು ನೀವು ಒಂದೇ ಸಾಲಲ್ಲಿ ಮುಗಿಸಿಬಿಟ್ಟಿದ್ದೀರಲ್ವಾ? 2009ರ ಸೀಸನ್‌ನಲ್ಲಿ ಟೈಟನ್ಸ್‌ನ ಕ್ರಿಸ್ ಜಾನ್ಸನ್ ಚೆಂಡು ಹಿಡಿದು 2,006 ಗಜ ಓಡಿದಾಗ ದಾರಿ ಬಿಡಿಸಿಕೊಟ್ಟ ಐವರು ಲೈನ್‌ಮನ್‌ಗಳಿಗೆ ಪಾಠ ಹೇಳಿದ್ದು ಆಗ ಲೈನ್ ಕೋಚ್ ಆಗಿದ್ದ ಇವರೇ. ಆ ಐವರ ಹೆಸರು ಎಷ್ಟು ಜನಕ್ಕೆ ಗೊತ್ತು? ಚೆಂಡು ಮುಟ್ಟದವರ ಹಣೆಬರಹವೇ ಅಷ್ಟು.

ಆಮೇಲೆ ಪಿಟ್ಸ್‌ಬರ್ಗ್ ತಂಡದಲ್ಲಿ ಅಲೆಹಾಂಡ್ರೊ ವಿಯಾನ್ಯುಯೆವಾ. ಅಫ್ಘಾನಿಸ್ತಾನದಲ್ಲಿ ಯುದ್ಧ ಮಾಡಿ ಬಂದ ಸೈನಿಕ. ಫಿಲಡೆಲ್ಫಿಯಾ ತಂಡ ಅವರನ್ನು ಡಿಫೆನ್ಸ್‌ನಲ್ಲಿ ನೋಡಿ ಕೈಬಿಟ್ಟಿತ್ತು. ಪಿಟ್ಸ್‌ಬರ್ಗ್ ಲೆಫ್ಟ್ ಟ್ಯಾಕಲ್ (ಲೈನ್‌ನ ಎಡ ತುದಿ) ಜಾಗಕ್ಕೆ ತಂದಿತು, ಮನ್ಚಾಕ್ ಕೈಗೆ ಒಪ್ಪಿಸಿತು. ಈ ಜಾಗದಲ್ಲಿ ಮೈಕಟ್ಟು ಮಾತ್ರ ಸಾಲದು. ಚೆಂಡು ಕದಲಿದ ಕ್ಷಣ ಹಿಂದಕ್ಕೆ ಸರಿಯಬೇಕು, ಸೊಂಟ ತಗ್ಗಿರಬೇಕು, ಕೈ ಎದುರಾಳಿಯ ಎದೆಗೇ ಬೀಳಬೇಕು. ಅಂಗೈ ಸ್ವಲ್ಪ ಆಚೆ ಜಾರಿ ಜರ್ಸಿ ಹಿಡಿದರೆ ಹೋಲ್ಡಿಂಗ್ ಎಂಬ ತಪ್ಪು, ತಂಡ 10 ಗಜ ಹಿಂದಕ್ಕೆ! 2017 ಮತ್ತು 2018ರಲ್ಲಿ ವಿಯಾನ್ಯುಯೆವಾ ಪ್ರೋ ಬೌಲ್‌ಗೆ, ಅಂದರೆ ಆ ವರ್ಷದ ಶ್ರೇಷ್ಠ ಆಟಗಾರರ ಸಾಲಿಗೆ, ಆಯ್ಕೆಯಾದರು.

ಮನ್ಚಾಕ್ ಸ್ವತಃ ಹ್ಯೂಸ್ಟನ್ ಆಯ್ಲರ್ಸ್ ತಂಡಕ್ಕೆ 12 ಸೀಸನ್ ಗಾರ್ಡ್ (ಇದೂ ಲೈನ್‌ನಲ್ಲೇ ಒಂದು ಜಾಗ) ಆಗಿದ್ದವರು. 2001ರಲ್ಲೇ ಆಟದ ದಿಗ್ಗಜರ ಹಾಲ್ ಆಫ್ ಫೇಮ್ ಸೇರಿದ್ದರು. ಅಷ್ಟು ದೊಡ್ಡ ಆಟಗಾರ, ಮುಖ್ಯ ಕೋಚ್ ಹುದ್ದೆ ಹೋದ ಮೇಲೆ ಮುನಿಸಿಕೊಳ್ಳದೆ ಮತ್ತೆ ಹಳೇ ಲೈನ್ ಕೋಚ್ ಕೆಲಸಕ್ಕೇ ಹೋದರು. ನನಗೆ ಜಾಸ್ತಿ ಇಷ್ಟವಾಗಿದ್ದು ಅದೇ.