ಬೆಕ್ಕಿನ ಕೊರಳಿಗೆ ಜಿಪಿಎಸ್ ಕಟ್ಟಬೇಕೆ? ಆರೋಗ್ಯ ನೋಡಲು ಯಂತ್ರ ಬೇಕೆ?

ಪರ: ಬೆಕ್ಕು ಬಾಯಿಬಿಟ್ಟು ಹೇಳುವುದಿಲ್ಲ

ಬೆಕ್ಕು ನೋವನ್ನು ಮುಚ್ಚಿಡುತ್ತದೆ. ಸಾಕಿದವರಿಗೆಲ್ಲ ಇದು ಗೊತ್ತು, ಆದರೂ ಮೋಸ ಹೋಗುತ್ತೇವೆ. ನಮ್ಮ ಗಂಡು ಬೆಕ್ಕು ಒಂದು ದಿನ ಮಂಚದ ಕೆಳಗೆ ಮುದುಡಿ ಕೂತಿತ್ತು. ಮಲಗಲಿ ಬಿಡು ಅಂತ ಸುಮ್ನಿದ್ದೆ. ಸಂಜೆ ಮುಟ್ಟಿದರೆ ಹೊಟ್ಟೆ ಕಲ್ಲಿನ ಹಾಗೆ ಗಟ್ಟಿ. ಮೂತ್ರನಾಳ ಕಟ್ಟಿಕೊಂಡಿತ್ತು. ಗಂಡು ಬೆಕ್ಕಿಗೆ ಆ ನಾಳ ಬಹಳ ಸಣ್ಣದು. ಪೂರ್ತಿ ಕಟ್ಟಿದರೆ ರಕ್ತದಲ್ಲಿ ಪೊಟ್ಯಾಶಿಯಂ ಏರಿ, ಒಂದೆರಡು ದಿನದಲ್ಲೇ ಹೃದಯ ನಿಲ್ಲಬಹುದು. ವೈದ್ಯರು ನಾಳಕ್ಕೆ ಸಣ್ಣ ಕೊಳವೆ ಹಾಕಿ ಉಳಿಸಿಕೊಟ್ಟರು.

ಆಮೇಲೆ ತೂಕ ಅಳೆಯುವ ಲಿಟರ್ ಟ್ರೇ, ಅಂದರೆ ಬೆಕ್ಕು ಮಲಮೂತ್ರಕ್ಕೆ ಹೋಗುವ ತಟ್ಟೆ, ತಂದೆವು. ಬೆಕ್ಕು ಎಷ್ಟು ಸಲ ಹೋಯಿತು, ಎಷ್ಟು ಹೊತ್ತು ಕೂತಿತು, ತೂಕ ಎಷ್ಟು, ಎಲ್ಲ ಮೊಬೈಲಿಗೆ ಬರುತ್ತದೆ. ಎಂಟು ತಿಂಗಳಾದ ಮೇಲೆ ಒಂದು ನಸುಕಿನಲ್ಲಿ ಫೋನ್ ಸದ್ದು ಮಾಡಿತು. ಒಂದೂವರೆ ಗಂಟೆಯಲ್ಲಿ ಆರು ಸಲ ಹೋಗಿ ಬಂದಿದೆ, ತೂಕದ ಲೆಕ್ಕದಲ್ಲಿ ಮೂತ್ರ ಬಿದ್ದೇ ಇಲ್ಲ. ಬೆಳಕು ಹರಿಯುವ ಮೊದಲೇ ಆಸ್ಪತ್ರೆಯಲ್ಲಿದ್ದೆವು. ಇದನ್ನು ಬರೆಯುವಾಗ ಅದು ನನ್ನ ಕಾಲ ಬಳಿ ಮಲಗಿದೆ.

ವಯಸ್ಸಾದ ಬೆಕ್ಕುಗಳಿಗೆ ಕಿಡ್ನಿ ಕಾಯಿಲೆ ಬರುವುದು ಜಾಸ್ತಿ. ನೀರು ಹೆಚ್ಚು ಕುಡಿಯುತ್ತವೆ, ತೂಕ ಮೆಲ್ಲಗೆ ಇಳಿಯುತ್ತದೆ. 4 ಕಿಲೋ ಬೆಕ್ಕು 200 ಗ್ರಾಂ ಇಳಿದರೆ ಅದು ಶೇ. 5. ಅಷ್ಟು ರೋಮದ ಅಡಿಯಲ್ಲಿ ಅದು ಕಣ್ಣಿಗೆ ಕಾಣುತ್ತದಾ? ತಕ್ಕಡಿಗೆ ಕಾಣುತ್ತದೆ. ನಿದ್ದೆಯಲ್ಲಿ ಉಸಿರು ನಿಮಿಷಕ್ಕೆ 30 ದಾಟುತ್ತಲೇ ಇದ್ದರೆ ಹೃದಯದ್ದೋ ಶ್ವಾಸಕೋಶದ್ದೋ ತೊಂದರೆ ಇರಬಹುದು. ದಿನಾ ರಾತ್ರಿ ಕೂತು ಎಣಿಸುವವರು ಯಾರು? ಹಿಂದೆಲ್ಲ ಯಂತ್ರವಿಲ್ಲದೆ ಸಾಕುತ್ತಿರಲಿಲ್ವಾ ಅನ್ನುತ್ತಾರೆ. ಸಾಕುತ್ತಿದ್ದೆವು. ಒಂದು ದಿನ ಬೆಕ್ಕು ಮನೆಗೆ ಬರುತ್ತಿರಲಿಲ್ಲ, ಏನಾಯಿತು ಅಂತ ಯಾರಿಗೂ ಗೊತ್ತಾಗುತ್ತಿರಲಿಲ್ಲ.

ವಿರೋಧ: ಮೊದಲು ಮನೆ ಸುತ್ತ ಹುಡುಕಿ

ವಿರೋಧ ಬರೆಯಿರಿ ಅಂದರು, ಒಪ್ಪಿಕೊಂಡೆ. ಟ್ರೇ ಬಗ್ಗೆ ನನಗೆ ದೊಡ್ಡ ತಕರಾರಿಲ್ಲ. ಆದರೆ ಎರಡು ಮೂರು ಬೆಕ್ಕು ಒಂದೇ ತೂಕ ಇದ್ದರೆ, ಯಾವುದು ಹೋಗಿ ಬಂತು ಅಂತ ಅದಕ್ಕೂ ಗೊಂದಲವಾಗಬಹುದು. ನನ್ನ ಚಿಂತೆ ಕೊರಳಿಗೆ ಕಟ್ಟುವುದರದ್ದು.

ಹೊರಗೆ ಓಡಾಡುವ ಬೆಕ್ಕಿನ ಕೊರಳಪಟ್ಟಿ ಕೊಂಬೆಗೋ ಬೇಲಿಗೋ ಸಿಕ್ಕಿಕೊಂಡರೆ ತಾನಾಗಿ ಬಿಚ್ಚಿಕೊಳ್ಳಬೇಕು. ಇಲ್ಲದಿದ್ದರೆ ಅದೇ ಉರುಳು. ಬಿಚ್ಚಿಕೊಂಡಿತು ಅನ್ನಿ, ಆಗ ಜಿಪಿಎಸ್ ಬೇಲಿಯಲ್ಲಿ, ಬೆಕ್ಕು ಇನ್ನೆಲ್ಲೋ. ಅದಕ್ಕೆ ಚಾರ್ಜ್ ಬೇಕು, ಮೊಬೈಲ್ ನೆಟ್‌ವರ್ಕ್ ಬೇಕು, ಸಾಮಾನ್ಯವಾಗಿ ಚಂದಾ ಕೂಡ ಕಟ್ಟಬೇಕು. ವಸ್ತು ಹುಡುಕಲು ಆಪಲ್ ಕಂಪನಿ ಮಾಡುವ ಪುಟ್ಟ ಬಿಲ್ಲೆ ಏರ್‌ಟ್ಯಾಗ್‌ನಲ್ಲಂತೂ ಜಿಪಿಎಸ್ಸೇ ಇಲ್ಲ. ಹತ್ತಿರ ಯಾರದಾದರೂ ಆಪಲ್ ಸಾಧನ ಹಾದುಹೋದರೆ ಮಾತ್ರ ಸುಳಿವು.

ಕಳೆದುಹೋದ ಬೆಕ್ಕುಗಳ ಬಗ್ಗೆ 2018ರಲ್ಲಿ ಬಂದ ಅಧ್ಯಯನವೊಂದರಲ್ಲಿ, ಸಿಕ್ಕಿದವುಗಳಲ್ಲಿ ಮುಕ್ಕಾಲು ಪಾಲು 500 ಮೀಟರ್ ಒಳಗೇ ಇದ್ದವು. ಹುಡುಕುವ ಕಣ್ಣು ಬೇಕು, ಅಷ್ಟೇ. ಚರ್ಮದಡಿ ಅಕ್ಕಿಕಾಳಿನಷ್ಟು ಮೈಕ್ರೋಚಿಪ್ ಹಾಕಿಸಿ. ಬ್ಯಾಟರಿ ಇಲ್ಲ, ಕಳಚಿ ಬೀಳುವ ಪಟ್ಟಿ ಇಲ್ಲ. ಎಲ್ಲಿದೆ ಅಂತ ಅದು ಹೇಳುವುದಿಲ್ಲ ನಿಜ, ಅದರ ನಂಬರನ್ನು ನಿಮ್ಮ ಹೆಸರಲ್ಲಿ ನೋಂದಾಯಿಸಿದ್ದರೆ, ಸಿಕ್ಕವರು ಸ್ಕ್ಯಾನ್ ಮಾಡಿಸಿದಾಗ ನಿಮ್ಮ ವಿಳಾಸ ಸಿಗುತ್ತದೆ. ಆರೋಗ್ಯಕ್ಕೂ ಕಣ್ಣೇ ಬೇಕು. ಎಲ್ಲ ಫೋನಿಗೆ ಒಪ್ಪಿಸಿದರೆ ಬೆಕ್ಕನ್ನು ಮುಟ್ಟಿ ನೋಡುವುದೇ ನಿಂತುಹೋಗುತ್ತದೆ.

ನಮ್ಮ ಬೆಕ್ಕು ಎರಡು ದಿನ ಕಾಣಲಿಲ್ಲ. ಬೀದಿಯೆಲ್ಲ ಸುತ್ತಿದೆ. ಎರಡನೇ ರಾತ್ರಿ ಎಲ್ಲ ನಿಶ್ಶಬ್ದವಾದ ಮೇಲೆ ಹೆಸರು ಹಿಡಿದು ಕರೆದೆ. ಮೆಟ್ಟಿಲ ಕೆಳಗಿನ ಹಳೇ ಡಬ್ಬಗಳ ಹಿಂದಿನಿಂದ ಸಣ್ಣಗೆ ಮ್ಯಾಂವ್ ಅಂದಿತು.