ಕಥೆ ಮುಗಿದ ಮೇಲೆ ಸಿಕ್ಕ ಮನೆ

ನಾನು ಆಡಿದ ಮೊದಲ ಎಕ್ಸ್‌ಪ್ಯಾನ್ಷನ್ 2001ರಲ್ಲಿ ಡಯಾಬ್ಲೋ 2 ಅನ್ನುವ ಕಂಪ್ಯೂಟರ್ ಗೇಮ್‌ಗೆ ಬಂದದ್ದು. ಸೈಬರ್ ಕೆಫೆಯಲ್ಲಿ ಗಂಟೆ ಲೆಕ್ಕದಲ್ಲಿ ದುಡ್ಡು ಕೊಟ್ಟು ಆಡುತ್ತಿದ್ದ ಕಾಲ. ನಾಲ್ಕು ಅಂಕದುದ್ದಕ್ಕೂ ಬಡಿದಾಡಿ, ಅಂತೂ ಇಂತೂ ಡಯಾಬ್ಲೋನನ್ನು ಕೊಂದು, ಉಸ್ಸಪ್ಪಾ ಅಂತ ಕುರ್ಚಿಗೆ ಒರಗಿದ್ದೆ. ಪಕ್ಕದ ಸೀಟಿನ ಹುಡುಗ ತಿರುಗಿ ನೋಡಿ, "ಗುರು, ಅವನ ಅಣ್ಣ ಬಂದಿದ್ದಾನೆ" ಅಂದ.

ಅಣ್ಣನ ಹೆಸರು ಬಾಲ್. ಹಿರಣ್ಯಾಕ್ಷ ಹೋದ ಅಂತ ನಿಟ್ಟುಸಿರು ಬಿಡುವಷ್ಟರಲ್ಲಿ ಹಿರಣ್ಯಕಶಿಪು ಎದ್ದು ಕೂರುವುದನ್ನು ಕೇಳಿ ಬೆಳೆದ ನಮಗೆ ಇದೇನು ಹೊಸದಲ್ಲ. ಐದನೇ ಅಂಕ ಬಂತು, ಹಿಮದ ಬೆಟ್ಟ ಬಂತು, ಆಡಲು ಇಬ್ಬರು ಹೊಸ ವೀರರು ಬಂದರು. ಆದರೆ ನಿಜ ಹೇಳಲಾ? ನನಗೆ ಇವತ್ತಿಗೂ ನೆನಪಿರುವುದು ಅವು ಯಾವುವೂ ಅಲ್ಲ. ಸಾಮಾನು ಇಡುವ ಪೆಟ್ಟಿಗೆ ಎರಡರಷ್ಟು ದೊಡ್ಡದಾಗಿತ್ತು! ಎಲ್ಲಿ ಇಡಲಿ, ಯಾವುದನ್ನು ಬಿಸಾಕಲಿ ಅಂತ ಒದ್ದಾಡುತ್ತಿದ್ದ ಕತ್ತಿ, ಕವಚಗಳನ್ನೆಲ್ಲ ಅದರಲ್ಲಿ ನೀಟಾಗಿ ಜೋಡಿಸಿದೆ. ಅಡುಗೆಮನೆಗೆ ಹೊಸ ಅಟ್ಟ ಕಟ್ಟಿಸಿದ ದಿನ ಅಮ್ಮನ ಮುಖದಲ್ಲಿ ಕಂಡ ಸಂತೋಷ ಏನು ಅನ್ನುವುದು ಆಗ ಗೊತ್ತಾಯಿತು. ಅಣ್ಣನನ್ನು ಕೊಲ್ಲಲು ಹೊರಟವನು ಒಂದು ಗಂಟೆ ಪೆಟ್ಟಿಗೆ ಜೋಡಿಸುತ್ತಾ ಕೂತೆ. ಇಪ್ಪತ್ತು ರೂಪಾಯಿ ಅದಕ್ಕೇ ಹೋಯಿತು.

ಗೇಮ್ ಆಡದವರಿಗೆ ಒಂದು ಮಾತು. ಮುಗಿದ ಆಟಕ್ಕೆ ಆಮೇಲೆ ಸೇರಿಸಿ ಮಾರುವ ಹೊಸ ಕಥೆ, ಹೊಸ ಊರು, ಹೊಸ ಆಯುಧಗಳ ಗಂಟೇ ಎಕ್ಸ್‌ಪ್ಯಾನ್ಷನ್. ಇದರಲ್ಲಿ ಮೋಸವೂ ಉಂಟು. 2006ರಲ್ಲಿ ಆಬ್ಲಿವಿಯನ್ ಅನ್ನುವ ಗೇಮ್‌ನವರು ಕುದುರೆಗೆ ಹಾಕುವ ಕವಚವೊಂದನ್ನೇ ಎರಡೂವರೆ ಡಾಲರ್‌ಗೆ ಮಾರಿದರು. ಜನ ಉಗಿದರು, ಕೊಂಡೂ ಕೊಂಡರು. ಇವತ್ತಿಗೂ ದುಡ್ಡಿಗೆ ತಕ್ಕ ಸಾಮಾನು ಬರದಿದ್ದರೆ ಗೇಮ್ ಆಡುವವರು ಕುದುರೆ ಕವಚದ ಹೆಸರು ಎತ್ತುತ್ತಾರೆ.

ನಾನು ಹೇಳಬೇಕೆಂದಿರುವುದು ದಿ ವಿಚರ್ 3ರ ವಿಷಯ. ಪೋಲೆಂಡಿನ ಸಿಡಿ ಪ್ರಾಜೆಕ್ಟ್ ರೆಡ್ ಕಂಪನಿ 2015ರ ಮೇ ತಿಂಗಳಲ್ಲಿ ಬಿಟ್ಟ ಗೇಮ್. ಅದರ ನಾಯಕ ಗೆರಾಲ್ಟ್. ಬಿಳಿ ಕೂದಲು, ಬೆನ್ನಿಗೆ ಎರಡು ಕತ್ತಿ. ಬೋಳಿಸದಿದ್ದರೆ ಗಡ್ಡ ತಾನಾಗಿಯೇ ಬೆಳೆಯುತ್ತದೆ. ದುಡ್ಡು ತಗೊಂಡು ದೆವ್ವ ಪಿಶಾಚಿಗಳನ್ನು ಕೊಲ್ಲುವುದು ಅವನ ಕಸುಬು. ಸಾಕುಮಗಳಂಥ ಸಿರಿಯನ್ನು ಹುಡುಕಿಕೊಂಡು ನೂರು ಗಂಟೆ ಅಲೆಯುತ್ತಾನೆ, ಅಂದರೆ ನಾವು ಅಲೆಯುತ್ತೇವೆ. ನಮ್ಮ ಮನೆಯಲ್ಲಿ ಟಿವಿಗೆ ಜೋಡಿಸಿ ಆಡುವುದರಿಂದ ಅಪ್ಪನೂ ಹಿಂದೆ ದಿವಾನ್ ಮೇಲೆ ಕೂತು ನೋಡುತ್ತಾರೆ. "ಸಿರಿ ಅಂತಾನಾ? ಒಳ್ಳೇ ಹೆಸರು. ನಮ್ಮ ಕಡೆಯ ಹುಡುಗಿ ಇದ್ದ ಹಾಗಿದೆ" ಅಂದಿದ್ದರು. ಗೆರಾಲ್ಟ್ ಅನ್ನುವುದು ಮಾತ್ರ ಅವರ ಬಾಯಿಗೆ ಒಗ್ಗಲಿಲ್ಲ. "ನಿನ್ನ ಮುದುಕ" ಅನ್ನುತ್ತಿದ್ದರು. ಎಪ್ಪತ್ತಾರು ದಾಟಿದವರು ಹಾಗೆ ಅಂದರೆ ಏನು ಮಾಡುವುದು?

ಈ ಗೇಮ್‌ಗೆ ಎರಡು ಎಕ್ಸ್‌ಪ್ಯಾನ್ಷನ್ ಬಂದವು. ಮೊದಲನೆಯದು 2015ರ ಅಕ್ಟೋಬರಿನಲ್ಲಿ ಬಂದ ಹಾರ್ಟ್ಸ್ ಆಫ್ ಸ್ಟೋನ್. ಅದರ ಖಳನಾಯಕ ಗಾಂಟರ್ ಓಡಿಮ್, ಕನ್ನಡಿ ವ್ಯಾಪಾರಿ. ಮಜಾ ಏನೆಂದರೆ ಅವನು ಹೊಸಬನೇ ಅಲ್ಲ. ಮೂಲ ಆಟದ ಶುರುವಿನಲ್ಲೇ, ಮೊದಲ ಹಳ್ಳಿಯ ಹೆಂಡದಂಗಡಿಯಲ್ಲಿ ಎರಡು ಮಾತಾಡಿ ಹೋಗಿರುತ್ತಾನೆ. ಆಗ ನಾವು ಅವನನ್ನು ಸರಿಯಾಗಿ ನೋಡಿಯೂ ಇರುವುದಿಲ್ಲ. ಎಕ್ಸ್‌ಪ್ಯಾನ್ಷನ್ ಆಡಿದ ಮೇಲೆ ಹಳೆಯ ಸೇವ್, ಅಂದರೆ ಹಿಂದೆ ಉಳಿಸಿಟ್ಟಿದ್ದ ಆಟ ತೆಗೆದು, ಅದೇ ಅಂಗಡಿಗೆ ಹೋಗಿ, ಅದೇ ಮೇಜಿನ ಮುಂದೆ ನಿಂತೆ. ಅವೇ ಮಾತು, ಅದೇ ನಗು. ಮೈ ಜುಮ್ಮೆಂದಿತು. ಮುಂದಕ್ಕೆ ಸೇರಿಸಿದ್ದು ಹಿಂದಿನದನ್ನೇ ಬದಲಾಯಿಸಿಬಿಟ್ಟಿತ್ತು. ಮಹಾಭಾರತದ ಬಾಲಕ್ಕೆ ಹರಿವಂಶ ಅಂಟಿಕೊಂಡಿದೆಯಲ್ಲ, ಅದನ್ನು ಖಿಲ ಅನ್ನುತ್ತಾರೆ. ಭಾರತದುದ್ದಕ್ಕೂ ದೊಡ್ಡವನಾಗಿಯೇ ಓಡಾಡಿದ ಕೃಷ್ಣನ ಬಾಲ್ಯವೆಲ್ಲ ಬರುವುದು ಅಲ್ಲಿ. ಬಾಲದಲ್ಲಿ ಬಾಲ್ಯ! ನಮ್ಮ ಹಿರಿಯರಿಗೂ ಈ ವಿದ್ಯೆ ಗೊತ್ತಿತ್ತು.

ಅದೇ ಎಕ್ಸ್‌ಪ್ಯಾನ್ಷನ್‌ನಲ್ಲಿ ದೂರದ ಓಫಿರ್ ದೇಶದ ಒಬ್ಬ ಕಸುಬುದಾರ ಬರುತ್ತಾನೆ. ಕತ್ತಿ, ಕವಚಗಳ ಮೇಲೆ ಮಂತ್ರಾಕ್ಷರ ಕೊರೆಯುವವನು. ಕೆಲಸ ಶುರು ಮಾಡಲು ಆಟದ ದುಡ್ಡಿನಲ್ಲಿ 5,000 ಕೊಡು ಅನ್ನುತ್ತಾನೆ. ಆಮೇಲೆ 10,000. ಆಮೇಲೆ 15,000. ಮನೆ ಕಟ್ಟಿಸಿದವರಿಗೆ ಈ ದನಿ ಗುರುತು ಸಿಗುತ್ತದೆ. ಪಾಯಕ್ಕೆ ಇಷ್ಟು ಸಾರ್, ಮೋಲ್ಡಿಗೆ ಇಷ್ಟು, ಇನ್ನು ಫಿನಿಶಿಂಗ್ ಒಂದು ಬಾಕಿ ಇದೆ. ಮೂವತ್ತು ಸಾವಿರ ಕಕ್ಕಿದೆ. ಮೇಸ್ತ್ರಿಗಳು ಎಲ್ಲ ಲೋಕದಲ್ಲೂ ಒಂದೇ.

ಎರಡನೆಯದು ಬ್ಲಡ್ ಆಂಡ್ ವೈನ್, 2016ರ ಮೇ 31ರಂದು ಬಂತು. ಆ ವರ್ಷದ ದಿ ಗೇಮ್ ಅವಾರ್ಡ್ಸ್‌ನಲ್ಲಿ ಅತ್ಯುತ್ತಮ ಆರ್‌ಪಿಜಿ (ಒಂದು ಪಾತ್ರವಾಗಿ ಆಡುವ ಗೇಮ್) ಅನ್ನುವ ಪ್ರಶಸ್ತಿ ಹೋದದ್ದು ಯಾವುದೋ ಪೂರ್ತಿ ಗೇಮ್‌ಗಲ್ಲ, ಈ ಬಾಲಂಗೋಚಿಗೆ. ಮೂಲ ಕಥೆ ನಡೆಯುವ ವೇಲೆನ್ ಎಂದರೆ ಕೆಸರು, ಜೌಗು, ಮರಕ್ಕೆ ನೇತುಹಾಕಿದ ಹೆಣಗಳು. ಅಲ್ಲಿಗೆ ಇಬ್ಬರು ಥಳಥಳ ಕವಚದ ವೀರರು ಬಂದು, ನಮ್ಮ ರಾಣಿಯಮ್ಮ ಕರೆದಿದ್ದಾರೆ ಅಂತ ಟೂಸಾಂ ಅನ್ನುವ ಸೀಮೆಗೆ ಕರೆದೊಯ್ಯುತ್ತಾರೆ. ಗಡಿ ದಾಟಿದ್ದೇ ತಡ, ಬಣ್ಣವೇ ಬದಲು. ನೀಲಿ ಆಕಾಶ, ದ್ರಾಕ್ಷಿತೋಟ, ಗಾಳಿಗಿರಣಿ, ಬೆಟ್ಟದ ಮೇಲೆ ಬೆಳ್ಳಗಿನ ಅರಮನೆ. "ಟಿವಿ ಸರಿಮಾಡಿಸಿದೆಯಾ?" ಅಂತ ಅಪ್ಪ ಕೇಳಿದರು.

ಅಲ್ಲಿಯ ಮುಖ್ಯ ಕಥೆಯಲ್ಲಿ ರಕ್ತಪಿಶಾಚಿಗಳು, ಅಕ್ಕ ತಂಗಿಯರ ಹಳೆಯ ಜಗಳ, ಬೀದಿಬೀದಿಯಲ್ಲಿ ಕೊಲೆ ಎಲ್ಲ ಇದೆ. ಚೆನ್ನಾಗಿಯೇ ಇದೆ. ಆದರೆ ಕೆಲಸಕ್ಕೆ ಸಂಬಳ ಅಂತ ಗೆರಾಲ್ಟ್‌ಗೆ ಒಂದು ಮನೆ ಸಿಗುತ್ತದೆ. ನನಗೆ ಮುಖ್ಯ ಅನ್ನಿಸಿದ್ದು ಇದು. ಹೆಸರು ಕೋರ್ವೊ ಬಿಯಾಂಕೊ. ಇಟಾಲಿಯನ್ ಭಾಷೆಯಲ್ಲಿ ಬಿಳಿ ಕಾಗೆ ಅಂತ. ನಮ್ಮಲ್ಲಿ ಯಾರೂ ಗೃಹಪ್ರವೇಶದ ಕಾರ್ಡಿನಲ್ಲಿ 'ಬಿಳಿ ಕಾಗೆ ನಿಲಯ' ಅಂತ ಅಚ್ಚು ಹಾಕಿಸುವುದಿಲ್ಲ, ಇರಲಿ.

ಒಂದು ಅಂಗಳ, ಹಳೆಯ ಹೆಂಚಿನ ಮನೆ, ಸುತ್ತ ದ್ರಾಕ್ಷಿಬಳ್ಳಿ. ನೋಡಿಕೊಳ್ಳಲು ಕನ್ನಡಕದ ಒಬ್ಬ ಮೇಲ್ವಿಚಾರಕ, ಬಾರ್ನಬಸ್ ಬೇಸಿಲ್. ಬಹಳ ಮರ್ಯಾದಸ್ಥ. ಮನೆ ಸ್ವಲ್ಪ ರಿಪೇರಿ ಮಾಡಿಸೋಣವೇ, ಲಾಯ ಕಟ್ಟಿಸೋಣವೇ, ಔಷಧಿ ಗಿಡಗಳ ಕೈತೋಟ ಬೇಕೇ ಅಂತ ಕೇಳುತ್ತಾನೆ. ಒಳ್ಳೆಯ ಮಂಚ ಹಾಕಿಸಿದರೆ, ಅದರಲ್ಲಿ ಮಲಗಿ ಎದ್ದಾಗ ಗೆರಾಲ್ಟ್‌ಗೆ ಕೊಂಚ ಹೊತ್ತು ಆಯಸ್ಸು ಜಾಸ್ತಿ. ಅಲ್ಲಿಯವರೆಗೆ ಈ ಮನುಷ್ಯ ಬಯಲಲ್ಲಿ, ಗುಡಿಸಲಲ್ಲಿ, ಹೆಂಡದಂಗಡಿಯ ಮಹಡಿಯಲ್ಲಿ, ಎಲ್ಲೆಂದರಲ್ಲಿ ಮಂಡಿಯೂರಿ ಕೂತು ರಾತ್ರಿ ಕಳೆದವನು. ಈಗ ಗೋಡೆಗೆ ಯಾವ ಚಿತ್ರ ತೂಗುಹಾಕಲಿ ಅಂತ ಯೋಚಿಸುತ್ತಾನೆ. ಹಳೆಯ ಕವಚಗಳನ್ನು ಸ್ಟ್ಯಾಂಡಿಗೆ ತೊಡಿಸಿ ನಿಲ್ಲಿಸಬಹುದು. ರಕ್ತಪಿಶಾಚಿ ಊರೊಳಗೆ ಹೆಣ ಉರುಳಿಸುತ್ತಿರುವಾಗ ನಾನು ಹಾಲ್‌ನಲ್ಲಿ ಯಾವ ಕವಚ ಚಂದ, ಮಲಗುವ ಕೋಣೆಗೆ ಯಾವುದು ಅಂತ ಮೂರು ಸಂಜೆ ಕಳೆದೆ. ಸೈಬರ್ ಕೆಫೆಯ ಪೆಟ್ಟಿಗೆಯ ಚಟ ಹಾಗೇ ಇತ್ತು ನೋಡಿ.

ಈ ಮನೆಗೆ ಅಡುಗೆಯವರೂ ಬರುತ್ತಾರೆ. ಆದರೆ ನಾವು ಮನಸ್ಸು ಮಾಡಿದರೆ ಮಾತ್ರ.

ಅದು ಹೀಗೆ. ಒಂದು ಕಷಾಯಕ್ಕೆ ಒಂದು ಜಾತಿಯ ಪಿಶಾಚಿಯ ಜೊಲ್ಲು ಬೇಕು. ಹುಡುಕುತ್ತಾ ಒಂದು ಪಾಳುಮನೆಗೆ ಹೋದರೆ ಎಲ್ಲಿ ನೋಡಿದರೂ ಚಮಚಗಳು. ಒಲೆಯ ಮೇಲೆ ಮಡಕೆ. ಗೆರಾಲ್ಟ್ ಬೀರುವಿನಲ್ಲಿ ಅವಿತು ಕೂರುತ್ತಾನೆ. ಪಿಶಾಚಿ ಮನೆಗೆ ಬರುತ್ತದೆ. ಒಣಕಲು ಮೈ, ಗೊಗ್ಗರು ದನಿ. ತನ್ನಷ್ಟಕ್ಕೆ ತಾನು ಗೊಣಗುತ್ತಾ ಮಡಕೆ ಕಲಕುತ್ತದೆ. ನೋಡುತ್ತಾ ನೋಡುತ್ತಾ ಭಯ ಹೋಗಿ ಏನೋ ಸಂಕಟ ಶುರುವಾಗುತ್ತದೆ, ಏಕೆಂದರೆ ಅದು ಒಬ್ಬಂಟಿ ಅಜ್ಜಿ ಅಡುಗೆ ಮಾಡುವ ರೀತಿ. ಹಿಂದೆ ಅವಳು ದೊಡ್ಡ ಮನೆತನದ ಹುಡುಗಿ, ಮಾರ್ಲೀನ್. ಹಸಿದು ಬಾಗಿಲಿಗೆ ಬಂದವನಿಗೆ ತುತ್ತು ಕೊಡದೆ ಅಟ್ಟಿದ್ದಳು. ಅವನ ಶಾಪ ತಟ್ಟಿತು. ಯಾವ ಚಮಚದಿಂದ ಉಂಡರೂ ಹೊಟ್ಟೆ ತುಂಬುವುದಿಲ್ಲ. ಜೊತೆಗೆ ಕೂತು ಉಣ್ಣುವವರು ಯಾರೂ ಇಲ್ಲ.

ಕತ್ತಿ ಎತ್ತಿದರೆ ಎರಡು ನಿಮಿಷದ ಕೆಲಸ. ಎತ್ತದಿದ್ದರೆ ಅವಳ ಎದುರಿಗೆ ಕೂತು, ಚಮಚ ಮುಟ್ಟದೆ, ಆ ಗಂಜಿಯಂಥದ್ದನ್ನು ಅವಳ ಜೊತೆ ಕುಡಿಯಬೇಕು. ಅಷ್ಟೇ. ಶಾಪ ಹೋಯಿತು. "ಉಣ್ಣೋ, ಉಣ್ಣು ಅನ್ನು!" ಅಂತ ಅಪ್ಪ ಹಿಂದಿನಿಂದ ಕೂಗಿದರು. ಹಸಿದವರಿಗೆ ಇಲ್ಲ ಅನ್ನಬಾರದು ಅಂತ ನಮ್ಮ ಅಜ್ಜಿ ಹೇಳುತ್ತಿದ್ದದ್ದನ್ನೇ ಪೋಲೆಂಡಿನವರ ಅಜ್ಜಿಯೂ ಹೇಳಿರಬೇಕು. ಶಾಪ ಕಳೆದ ಮಾರ್ಲೀನ್ ಆಮೇಲೆ ಬಿಳಿ ಕಾಗೆಯ ಅಡುಗೆಮನೆಗೆ ಬಂದು ನಿಲ್ಲುತ್ತಾಳೆ. ಅನ್ನ ಇಲ್ಲ ಅಂದವಳ ಕೈಯಲ್ಲಿ ಈಗ ಒಂದು ಮನೆಯ ಸೌಟು.

ಅಪ್ಪನಿಗೆ ಇದಕ್ಕಿಂತ ಹಿಡಿಸಿದ್ದು ಮಾತ್ರ ಬ್ಯಾಂಕಿನ ಪ್ರಸಂಗ. ಟೂಸಾಂನ ರಾಜಧಾನಿ ಬೋಕ್ಲೇರ್‌ನಲ್ಲಿ ಒಂದು ಬ್ಯಾಂಕ್ ಇದೆ. ಗೆರಾಲ್ಟ್ ತನಗೆ ಬರಬೇಕಾದ ದುಡ್ಡು ಕೇಳಲು ಹೋಗುತ್ತಾನೆ. ನೀವು ಸತ್ತಿದ್ದೀರಿ, ಖಾತೆ ನಿಲ್ಲಿಸಿದ್ದೇವೆ ಅನ್ನುತ್ತಾರೆ. ಬದುಕಿದ್ದೇನೆ ಅನ್ನುವುದಕ್ಕೆ ಎ38 ಅನ್ನುವ ಪರವಾನಗಿ ಬೇಕಂತೆ. ಆ ಕೌಂಟರ್‌ನಿಂದ ಈ ಕೌಂಟರ್, ಈ ಕ್ಯೂನಿಂದ ಆ ಕ್ಯೂ. ಈ ಎ38 ಅನ್ನುವುದು 1976ರ ಆಸ್ಟರಿಕ್ಸ್ ಕಾರ್ಟೂನ್ ಸಿನಿಮಾದಿಂದ ಎತ್ತಿಕೊಂಡ ತಮಾಷೆ. ರಾಕ್ಷಸರನ್ನು ಸೀಳಿದವನು ಕಿಟಕಿಯ ಮುಂದೆ ಕೈಕಟ್ಟಿ ನಿಂತಿದ್ದ.

ಅಪ್ಪ ದಿವಾನಿನಿಂದ ಎದ್ದು ಕುರ್ಚಿ ಎಳೆದುಕೊಂಡು ಟಿವಿಯ ಹತ್ತಿರವೇ ಬಂದು ಕೂತರು. ಪಿಂಚಣಿದಾರರು ಪ್ರತಿ ನವೆಂಬರಿನಲ್ಲಿ ಲೈಫ್ ಸರ್ಟಿಫಿಕೇಟ್ ಕೊಡಬೇಕಲ್ಲ, ಒಂದು ವರ್ಷ ಅಪ್ಪನ ಬೆರಳಚ್ಚನ್ನು ಮೆಷಿನ್ ಒಪ್ಪಲೇ ಇಲ್ಲ. ಬೆರಳು ಒರೆಸಿ, ಉಜ್ಜಿ, ಎಡಗೈ ಬಲಗೈ ಎಲ್ಲ ಇಟ್ಟದ್ದಾಯಿತು. "ನಾನೇ ಬಂದು ನಿಂತಿದ್ದೀನಲ್ಲಪ್ಪ" ಅಂದರು ಅಪ್ಪ. "ನೀವು ನಿಂತಿರೋದೇನೋ ಸರಿ ಸಾರ್, ಸಿಸ್ಟಮ್‌ನಲ್ಲಿ ಬರ್ತಿಲ್ಲ" ಅಂದ ಆ ಹುಡುಗ. ಎರಡು ತಿಂಗಳು ಪಿಂಚಣಿ ನಿಂತಿತ್ತು.

"ನಿನ್ನ ಮುದುಕ ನವೆಂಬರಲ್ಲೇ ಹೋಗಬೇಕಿತ್ತು" ಅಂದರು ಅಪ್ಪ, ಟಿವಿಯಿಂದ ಕಣ್ಣು ತೆಗೆಯದೆ. ಗೆರಾಲ್ಟ್‌ಗೆ ಕೊನೆಗೂ ದುಡ್ಡು ಸಿಕ್ಕಾಗ, ನಾನು ಮುಖ್ಯ ಖಳನನ್ನು ಸೋಲಿಸಿದಾಗ ಹೊಡೆಯದ ಚಪ್ಪಾಳೆ ಹೊಡೆದರು.

ಆಗ ನನಗೆ ಅನ್ನಿಸಿತು. ಇವರು ಸೇರಿಸಿದ್ದು ಇನ್ನಷ್ಟು ಯುದ್ಧವನ್ನಲ್ಲ. ಯುದ್ಧ ಮೂಲ ಆಟದಲ್ಲೇ ಬೇಕಾದಷ್ಟಿತ್ತು. ಸೇರಿಸಿದ್ದು ಸಂಸಾರವನ್ನು. ರಿಪೇರಿ, ಅಡುಗೆ, ಬ್ಯಾಂಕು, ಮಂಚ. ಅಲ್ಲಿ ಗೆರಾಲ್ಟ್ ಒಂದು ಕಷಾಯ ಕುಡಿದು ತನ್ನ ಕುದುರೆಯ ಜೊತೆ ಮಾತೂ ಆಡುತ್ತಾನೆ. ಇಷ್ಟು ವರ್ಷ ಹೊತ್ತು ತಿರುಗಿದ ರೋಚ್‌ಗೂ ಹೇಳಲು ಎರಡು ಮಾತಿತ್ತು! ಕವಚಕ್ಕೆ ಬಣ್ಣ ಹಾಕುವ ಸೌಲಭ್ಯ ಬಂದದ್ದೂ ಇದರಲ್ಲೇ. ಗ್ವೆಂಟ್ ಅನ್ನುವ ಇಸ್ಪೀಟಿನಂಥ ಆಟಕ್ಕೆ ಒಂದು ಹೊಸ ಕಟ್ಟು ಬಂತು. ಅದನ್ನು ಊರಿಗೆ ತಂದವನ ಮೇಲೆ ಊರವರಿಗೆಲ್ಲ ಸಿಟ್ಟು, ಸಂಪ್ರದಾಯ ಕೆಡಿಸಿದ ಅಂತ. ಅಲ್ಲ, ಎಕ್ಸ್‌ಪ್ಯಾನ್ಷನ್‌ನ ಒಳಗೇ ಎಕ್ಸ್‌ಪ್ಯಾನ್ಷನ್ ಬೇಡ ಅನ್ನುವವರು!

ಎಲ್ಲ ಮುಗಿದ ಮೇಲೆ ಮನೆಗೆ ಒಬ್ಬರು ಬರುತ್ತಾರೆ. ಯಾರು ಅನ್ನುವುದು ನಾವು ನೂರು ಗಂಟೆ ಹೇಗೆ ನಡೆದುಕೊಂಡೆವು ಅನ್ನುವುದರ ಮೇಲೆ. ನಾನು ಮೂಲ ಆಟದಲ್ಲಿ ಗೆರಾಲ್ಟ್‌ನ ಇಬ್ಬರು ಪ್ರೇಯಸಿಯರಲ್ಲಿ ಯೆನ್ನೆಫರ್‌ಗೂ ಹೂಂ, ಟ್ರಿಸ್‌ಗೂ ಹೂಂ ಅಂದು, ಇಬ್ಬರೂ ಸೇರಿ ಬುದ್ಧಿ ಕಲಿಸಿ ಹೋಗಿದ್ದರು. ಹಾಗಾಗಿ ಯಾರೂ ಬರಲಾರರು ಅಂದುಕೊಂಡಿದ್ದೆ. ಸಿರಿ ಬಂದಳು. ಮಗಳು ಅಪ್ಪನ ಹೊಸ ಮನೆ ನೋಡಲು ಬಂದಿದ್ದಳು.

ಅಪ್ಪ ಏನೂ ಹೇಳಲಿಲ್ಲ. ಕನ್ನಡಕ ತೆಗೆದು ಪಂಚೆಯ ಅಂಚಿನಲ್ಲಿ ಒರೆಸಿಕೊಂಡರು. ನನ್ನ ತಂಗಿ ಇರುವುದು ದೂರದ ಊರಿನಲ್ಲಿ.

ಅದಾದ ಮೇಲೆ ನಾನು ಹೆಚ್ಚೇನೂ ಆಡಿಲ್ಲ. ಮ್ಯಾಪಿನಲ್ಲಿ ಇನ್ನೂ ಪ್ರಶ್ನಾರ್ಥಕ ಚಿಹ್ನೆಗಳು ಬೇಕಾದಷ್ಟಿವೆ, ಇರಲಿ. ಕೆಲವು ರಾತ್ರಿ ಊಟ ಆದ ಮೇಲೆ ಸುಮ್ನೆ ಆನ್ ಮಾಡುತ್ತೇನೆ. ಬಳ್ಳಿಗಳ ನಡುವೆ ಒಂದು ಸುತ್ತು, ಲಾಯದಲ್ಲಿ ರೋಚ್, ಅಡುಗೆಮನೆಯಲ್ಲಿ ಮಾರ್ಲೀನ್. ಆಮೇಲೆ ಗೆರಾಲ್ಟ್‌ನನ್ನು ಮಂಚದ ಹತ್ತಿರ ಕರೆದುಕೊಂಡು ಹೋಗುತ್ತೇನೆ. ಮೊನ್ನೆ ಅಪ್ಪ ಕೋಣೆಯಿಂದಲೇ ಕೇಳಿದರು, "ಏನು ಮಾಡ್ತಿದ್ದಾನೆ ನಿನ್ನ ಮುದುಕ?"

"ಮಲಗಿದ್ದಾನೆ ಅಪ್ಪ."

"ಎಬ್ಬಿಸಬೇಡ ಬಿಡು. ಲೈಟ್ ಆರಿಸು."