ನೀರಿನಲ್ಲಿ ಯಾರೂ ಕಟ್ಟಿರಲಿಲ್ಲ

ನಿನ್ನೆ ಹಾಸನ ಜಿಲ್ಲೆಯ ಶೆಟ್ಟಿಹಳ್ಳಿಯ ಪಾಳುಬಿದ್ದ ಚರ್ಚಿನ ಎದುರು ಫೋಟೊ ತೆಗೆಸಿಕೊಳ್ಳುತ್ತಿದ್ದ ಯುವಕನೊಬ್ಬ ಗೆಳೆಯರನ್ನು ಕೇಳಿದ: "ಹೋಗಿ ಹೋಗಿ ನೀರಿನ ಮಧ್ಯೆ ಏಕೆ ಕಟ್ಟಿದರೋ?" ಯಾರೂ ಉತ್ತರಿಸಲಿಲ್ಲ. ನಾನೂ ಸುಮ್ಮನೆ ಬಂದುಬಿಟ್ಟೆ. ರಾತ್ರಿಯೆಲ್ಲ ನಿದ್ದೆಯಿಲ್ಲ.

ನೀರಿನಲ್ಲಿ ಯಾರೂ ಕಟ್ಟಲಿಲ್ಲ! 1860ರ ದಶಕದಲ್ಲಿ ಫ್ರೆಂಚ್ ಪಾದ್ರಿಗಳು ಕಟ್ಟಿಸಿದಾಗ ಅದು ಒಣನೆಲ. ಸುತ್ತ ಊರಿತ್ತು, ಹೊಲವಿತ್ತು. ಗೊರೂರಿನಲ್ಲಿ ಅಣೆಕಟ್ಟು ಎದ್ದು, 1979ರ ಹೊತ್ತಿಗೆ ಹೇಮಾವತಿಯ ಹಿನ್ನೀರು ಹರಡಿತು. ಜನ ಗಂಟುಮೂಟೆ ಕಟ್ಟಿಕೊಂಡು ಹೊರಟರು, ಗೋಡೆಗಳು ಉಳಿದವು. ನಮ್ಮ ಅಜ್ಜಿಯ ತವರು ಮುಳುಗಿದ್ದೂ ಆ ನೀರಿನಲ್ಲೇ.

ಹಾಗಾದರೆ ಚೆಂದ ಎನ್ನಬಾರದೇ? ಖಂಡಿತ ಎನ್ನಬೇಕು. ಬೇಸಿಗೆಯಲ್ಲೂ ಮಳೆಗಾಲದಲ್ಲೂ ನಾನು ಅಲ್ಲಿಗೆ ಓಡುವುದೇ ಅದಕ್ಕಾಗಿ. ಚಾವಣಿ ಹೋಗಿದೆ, ಕಮಾನುಗಳು ನಿಂತಿವೆ. ಕಮಾನಿನಲ್ಲಿ ಒಂದೊಂದು ಇಟ್ಟಿಗೆಯೂ ಪಕ್ಕದ್ದನ್ನು ಒತ್ತಿ ಹಿಡಿದಿರುತ್ತದೆ; ಮೇಲಿನದೆಲ್ಲ ಕುಸಿದರೂ ಆ ಹಿಡಿತ ಸಡಿಲವಾಗುವುದಿಲ್ಲ. ಗಾರೆ ಉದುರಿದಲ್ಲಿ ಇಟ್ಟಿಗೆಯ ಕೆಂಪು, ಕೆಳಗೆ ಪಾಚಿ ಒಣಗಿದ ಕಪ್ಪು. ನೀರು ಎಲ್ಲಿಯವರೆಗೆ ಏರಿತ್ತು ಎಂಬುದನ್ನು ಗೋಡೆಯೇ ಬರೆದಿಟ್ಟುಕೊಂಡಿದೆ. ಮಳೆಗಾಲಕ್ಕೆ ನೆನೆದು, ಬೇಸಿಗೆಗೆ ಒಣಗಿ, ವರ್ಷ ವರ್ಷ ಸವೆಯುತ್ತಿದೆ. ನಿಂತ ನೀರಿನಲ್ಲಿ ಅದರ ನೆರಳು ಕಂಡಾಗಲೆಲ್ಲ ನನಗೆ ಗಂಟಲು ಕಟ್ಟುತ್ತದೆ.

"ಚೆಂದ ಸವಿಯುವುದಕ್ಕೆ ಚರಿತ್ರೆ ಏಕೆ ಬೇಕು?" ಎಂದು ಗೆಳೆಯರೊಬ್ಬರು ಫೋನಿನಲ್ಲಿ ವಾದಿಸಿದರು. ಹಂಪಿಯಲ್ಲಿ ಈ ಮಾತನ್ನು ಯಾರಾದರೂ ಆಡುತ್ತಾರೆಯೇ? ಅಲ್ಲಿ ಕಾಲಿಟ್ಟವರಿಗೆಲ್ಲ 1565ರ ಯುದ್ಧ ಬಾಯಿಪಾಠ. ನಾಲ್ಕೂವರೆ ಶತಮಾನದ ಹಿಂದಿನ ನೋವು ನೆನಪಿರುತ್ತದೆ. ಇಲ್ಲಿ ಊರು ಬಿಟ್ಟವರು ಇನ್ನೂ ಬದುಕಿದ್ದಾರೆ, ಅವರನ್ನು ಕೇಳುವವರಿಲ್ಲ. ನೀರು ತಾನಾಗಿ ಬಂದಿತೆಂದೇ ಎಲ್ಲರೂ ತಿಳಿದಂತಿದೆ.

ಒಂದು ಮಾತು ಇದುವರೆಗೆ ಯಾರಿಗೂ ಹೇಳಿಲ್ಲ. ಒಂದು ಬೇಸಿಗೆಯಲ್ಲಿ ಅಜ್ಜಿಯನ್ನು ಅಲ್ಲಿಗೆ ಕರೆದೊಯ್ದಿದ್ದೆ. ಅವರು ಚರ್ಚಿನತ್ತ ನೋಡಲೇ ಇಲ್ಲ. ಬೆನ್ನು ತಿರುಗಿಸಿ, ನೀರು ಇಳಿದು ಬಿರುಕುಬಿಟ್ಟ ಮಣ್ಣಿನ ಕಡೆ ಕೈತೋರಿಸಿ, "ನಮ್ಮ ಬಾವಿ ಅಲ್ಲಿತ್ತು ನೋಡು" ಎಂದರು. ಕಮಾನಿನೊಳಗೆ ಬಿಸಿಲು ಇಳಿಯುತ್ತಿತ್ತು. "ಒಂದು ನಿಮಿಷ ಇರಿ ಅಜ್ಜಿ" ಎಂದು ನಾನು ಫೋಟೊ ತೆಗೆಯುತ್ತಲೇ ಇದ್ದೆ. ಆ ಫೋಟೊ ಇಂದಿಗೂ ಗೋಡೆಯ ಮೇಲಿದೆ. ಅಜ್ಜಿ ಇಲ್ಲ. ಅವರು ಕೈತೋರಿಸಿದ್ದು ಯಾವ ಕಡೆಗೆ ಎಂದು ನಿನ್ನೆಯೂ ಹುಡುಕಿದೆ, ತಿಳಿಯಲಿಲ್ಲ.